ಅಣ್ಣನಿಗೆ ಸಿಟ್ಟು ಬಂದ ಕಂತು

ನಿಮ್ಮ ಅಜ್ಜ ನಗೆ ನಾಟಕ ಬರೆಯುವಾಗ ನಗುತ್ತಿರಲಿಲ್ಲ. ಹಲ್ಲುನೋವು ಬಂದವರ ಹಾಗೆ ಮುಖ ಗಂಟಿಕ್ಕಿಕೊಂಡು ಕೂತಿರುತ್ತಿದ್ದರು. ಮದುವೆಯಾದ ಹೊಸತರಲ್ಲಿ ನನಗೆ ಇದು ಗೊತ್ತಿರಲಿಲ್ಲ. ಕಚೇರಿಯಲ್ಲಿ ಏನೋ ತೊಂದರೆಯಾಗಿದೆ, ಹೊಸ ಹೆಂಡತಿಯ ಮುಂದೆ ಹೇಳಲು ಸಂಕೋಚ ಎಂದುಕೊಂಡು ನಾನೂ ಸಪ್ಪಗೆ ಓಡಾಡುತ್ತಿದ್ದೆ. ಆಮೇಲೆ ತಿಳಿಯಿತು, ಆ ಮುಖ ಇದ್ದ ದಿನ ಅವರು ತುಂಬ ಸುಖವಾಗಿರುತ್ತಿದ್ದರು.

ಅಜ್ಜ ಟಿವಿಗೆ ನಾಟಕ ಬರೆಯುತ್ತಿದ್ದರು ಎಂದು ನಿಮಗೆಲ್ಲ ಗೊತ್ತು. ಮೊದಲು ನಗಿಸುತ್ತಿದ್ದವರು ಆಮೇಲೆ ಗಂಭೀರ ನಾಟಕಗಳನ್ನೇ ಯಾಕೆ ಬರೆದರು ಎಂದು ಮೊನ್ನೆ ನಿಮ್ಮಲ್ಲಿ ಹಿರಿಯವಳು ಕೇಳಿದಳು. ನಾಲ್ಕು ಜನ ನನ್ನ ಮುಖವನ್ನೇ ನೋಡುತ್ತ ಕೂತರೆ ನನಗೆ ಮಾತು ಹೊರಡುವುದಿಲ್ಲ. ಬೀದರ ಕಡೆಯ ನಮ್ಮ ಹಳ್ಳಿಯ ಶಾಲೆಯಲ್ಲಿ ಕಲಿತಷ್ಟು ಕನ್ನಡ ಇನ್ನೂ ಕೈಯಲ್ಲಿದೆ. ಅದರಲ್ಲೇ ಬರೆದು ಇಡುತ್ತೇನೆ. ಓದುವಾಗ ತಡವರಿಸಿದರೆ ನಿಮ್ಮ ಅಪ್ಪನ ಕೈಗೆ ಕೊಡಿ. ಕೇಳಿದರೆ ನಿಮಗೆ ಅರ್ಥವಾಗುತ್ತದೆ.

ಈಗ ಸಂಭಾಜಿನಗರ ಎನ್ನುವ ಊರನ್ನು ನಾವು ಆಗ ಔರಂಗಾಬಾದ್ ಎನ್ನುತ್ತಿದ್ದೆವು. ನನ್ನ ಮಾವನವರು ಕಲಬುರಗಿ ಕಡೆಯಿಂದ ಹೋಗಿ ಅಲ್ಲಿನ ಗುಲ್‌ಮಂಡಿ ಪೇಟೆಯ ಒಂದು ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕಿದ್ದರು. ನಿಮ್ಮ ಅಜ್ಜ ಸರಕಾರಿ ಕಚೇರಿಯಲ್ಲಿ ಗುಮಾಸ್ತರು. ಮನೆಯಲ್ಲಿ ಕನ್ನಡ, ಹೊಸ್ತಿಲು ದಾಟಿದರೆ ಮರಾಠಿ, ಸಂತೆಗೆ ಹೋದರೆ ಉರ್ದು ಬೆರೆತ ಹಿಂದಿ. ಗಣಪತಿ ಹಬ್ಬದಲ್ಲಿ ಓಣಿಯ ಹುಡುಗರು ಮಂಟಪದ ಮುಂದೆ ನಾಟಕ ಆಡುತ್ತಿದ್ದರು. ಅವರಿಗೆ ಮರಾಠಿಯಲ್ಲಿ ನಗೆ ನಾಟಕ ಬರೆದುಕೊಡುವುದರಿಂದ ಅಜ್ಜನ ಬರವಣಿಗೆ ಶುರುವಾಯಿತು.

ಅದನ್ನು ಮೊದಲು ಕೇಳುವವಳು ನಾನು. ಆದರೆ ಮಾವನವರು ಪಡಸಾಲೆಯಲ್ಲಿ ಕೂತಿರುವಾಗ ಸೊಸೆ ಸಪ್ಪಳ ಮಾಡಿ ನಗುವಂತಿರಲಿಲ್ಲ. ಸಂಜೆ ನಾನು ಒಲೆಯ ಮುಂದೆ ಜೋಳದ ರೊಟ್ಟಿ ಬಡಿಯುತ್ತಿದ್ದರೆ ಅಜ್ಜ ಅಡುಗೆಮನೆಯ ಬಾಗಿಲಲ್ಲಿ ಗೋಡೆಗೆ ಒರಗಿ ಕೂತು, ಬರೆದದ್ದನ್ನು ಕನ್ನಡದಲ್ಲಿ ಮೆಲ್ಲಗೆ ಹೇಳುತ್ತ ಹೋಗುತ್ತಿದ್ದರು. ಅವರು ನನ್ನ ಮುಖ ನೋಡುತ್ತಿರಲಿಲ್ಲ. ರೊಟ್ಟಿಯ ಸಪ್ಪಳವನ್ನು ಕೇಳುತ್ತಿದ್ದರು. ನಗೆ ಬಂದರೆ ನನ್ನ ಕೈ ತಾನಾಗಿ ನಿಲ್ಲುತ್ತಿತ್ತು. ನಿಂತಲ್ಲಿ ಅವರು ಕಾಗದದ ಮೇಲೆ ಒಂದು ಗೀಟು ಎಳೆಯುತ್ತಿದ್ದರು. ಸಪ್ಪಳ ನಿಲ್ಲದೆ ಸಾಗಿದ ಪುಟವನ್ನು ಹರಿದುಹಾಕುತ್ತಿದ್ದರು.

ಇದನ್ನು ನಮ್ಮ ಅತ್ತೆಯವರು ಬಹಳ ಬೇಗ ಪತ್ತೆ ಹಚ್ಚಿದರು. ಒಂದು ದಿನ ಊಟಕ್ಕೆ ಬಡಿಸುವಾಗ ರೊಟ್ಟಿಗಳನ್ನು ಒಂದೊಂದಾಗಿ ತಿರುವಿ ನೋಡಿ ಮಗನಿಗೆ ಹೇಳಿದರು:

"ಈ ಸಲದ ನಾಟಕ ಛಲೋ ಆಗ್ಯಾದ ನೋಡಪ್ಪ. ಅರ್ಧ ಬುಟ್ಟಿ ರೊಟ್ಟಿ ಹೊತ್ತ್ಯಾವ."

ಮಾವನವರು ಕೂಡ ಮೀಸೆಯ ಮರೆಯಲ್ಲಿ ನಕ್ಕರು. ನನಗೆ ನೆಲ ಬಾಯಿ ತೆರೆದರೆ ಸಾಕೆನಿಸಿತು.

ಮಂಟಪದ ನಾಟಕಗಳಿಂದ ರೇಡಿಯೊ ನಾಟಕಗಳಾದವು. ಅಷ್ಟರಲ್ಲಿ ಅಜ್ಜನಿಗೆ ನಾಶಿಕಕ್ಕೆ ವರ್ಗವಾಯಿತು. ಔರಂಗಾಬಾದಿನಿಂದ ಸಣ್ಣ ಹಳಿಯ ರೈಲುಗಾಡಿಯಲ್ಲಿ ಹೊರಟು ಮನ್ಮಾಡಿನಲ್ಲಿ ಇಳಿದು ದೊಡ್ಡ ಹಳಿಯ ಗಾಡಿ ಹಿಡಿಯಬೇಕಿತ್ತು. ಅತ್ತೆ ಮಾವನನ್ನು ನೋಡಲು ಹೋಗಿಬರುವಾಗೆಲ್ಲ ಮನ್ಮಾಡಿನ ಪ್ಲಾಟ್‌ಫಾರ್ಮಿನಲ್ಲಿ ಹೊತ್ತು ಕಳೆಯುತ್ತಿದ್ದೆವು. ನಾನು ನಿಮ್ಮ ಅಪ್ಪನನ್ನು ತೊಡೆಯ ಮೇಲೆ ಮಲಗಿಸಿಕೊಂಡು ಗಂಟುಗಳನ್ನು ಕಾಯುತ್ತಿದ್ದರೆ ಅಜ್ಜ ಹಮಾಲರ ಜಗಳಕ್ಕೆ ಕಿವಿಗೊಟ್ಟು ನಿಂತಿರುತ್ತಿದ್ದರು. ಗಾಡಿ ಬಂದರೂ ಎಚ್ಚರವಿರುತ್ತಿರಲಿಲ್ಲ.

ನಾಶಿಕದಲ್ಲಿ ನಮಗೆ ರವಿವಾರ ಕಾರಂಜಾ ಎಂಬ ಚೌಕದ ಹತ್ತಿರ, ಒಂದು ಹಳೆಯ ವಾಡೆಯ ಮೇಲಿನ ಮಾಳಿಗೆಯಲ್ಲಿ ಮನೆ ಸಿಕ್ಕಿತು. ಓಣಿಯ ತಿರುವಿನಲ್ಲಿ ಕುಂದಾಪುರದ ಕಡೆಯವರ ಶಾಕಾಹಾರಿ ಹೋಟೆಲು. ಗಲ್ಲಾದಲ್ಲಿ ಕೂರುವ ಯಜಮಾನರನ್ನು ಊರೆಲ್ಲ ಅಣ್ಣ ಎಂದೇ ಕರೆಯುತ್ತಿತ್ತು. ಅವರ ಮರಾಠಿ ನಮ್ಮದಕ್ಕಿಂತ ಎಷ್ಟೋ ಚೆನ್ನಾಗಿತ್ತು. ಅವರಿಗೆ ಸಿಟ್ಟು ಬಂದದ್ದನ್ನು ಯಾರೂ ಕಂಡಿರಲಿಲ್ಲ. ಒಬ್ಬ ಗಿರಾಕಿ ಚಹಾವನ್ನು ತಳದವರೆಗೆ ಕುಡಿದು, ಕಪ್ಪು ಕುಕ್ಕಿ, ತಣ್ಣಗಿತ್ತು ಎಂದು ದಬಾಯಿಸಿದರೆ, "ಹೌದಾ, ಹಾಗಾದ್ರೆ ಬಿಸಿ ಇನ್ನೊಂದು ತರಿಸ್ತೇನೆ" ಎನ್ನುವ ಮನುಷ್ಯ. ನಿಮ್ಮ ಅಜ್ಜನಿಗೆ ಕೈ ತೊಳೆಯುವ ತೊಟ್ಟಿಯ ಪಕ್ಕದ ಮೇಜನ್ನು ಬಿಟ್ಟುಕೊಟ್ಟಿದ್ದರು. ಒಂದು ಚಹಾ ಕುಡಿದು ಕಚೇರಿಯ ಹೊತ್ತಾಗುವವರೆಗೆ ಬರೆಯುತ್ತ ಕೂತರೂ ಏಳಿ ಎನ್ನುತ್ತಿರಲಿಲ್ಲ. "ರೈಟರ್ರೆ" ಎಂದು ಮೊದಲು ಕರೆದವರು ಅವರೇ.

ಅವರ ಹೆಂಡತಿಯನ್ನು ನಾನು ಅಕ್ಕ ಎನ್ನುತ್ತಿದ್ದೆ. ನಾವು ಬಂದ ಹೊಸತರಲ್ಲಿ ಒಂದು ಸಂಜೆ ಅವರು ದಡದಡನೆ ನಮ್ಮ ಮೆಟ್ಟಿಲು ಹತ್ತಿ ಬಂದು, ಸೊಂಟದ ಮೇಲೆ ಕೈಯಿಟ್ಟು ನಿಂತರು.

"ಎಂತ ಮಾರಾಯ್ತಿ, ದಿನಾ ಸಂಜೆ ಯಾರಿಗೆ ಬಡಿಯೂದು ನೀನು?"

"ರೊಟ್ಟಿರಿ" ಎಂದೆ.

"ಗಂಡನಿಗಾ ಅಂತ ಮಾಡಿದೆ. ಬಿಡಿಸ್ಲಿಕ್ಕೆ ಓಡಿ ಬಂದೆ."

ಆ ಊರಿನಲ್ಲಿ ನನ್ನ ಜೊತೆ ಕನ್ನಡ ಮಾತಾಡುವ ಹೆಂಗಸು ಅವರೊಬ್ಬರೇ. ನನ್ನ ಕನ್ನಡ ಅವರಿಗೆ ಜಗಳದ ಹಾಗೆ ಕೇಳುತ್ತಿತ್ತು, ಅವರದು ನನಗೆ ಹಾಡಿನ ಹಾಗೆ. ನಾನು ಕೊಟ್ಟ ರೊಟ್ಟಿಯನ್ನು ಅವರು ನೀರಿಲ್ಲದೆ ನುಂಗಲಾರರು. ಅವರು ಕಳಿಸಿದ ಕೊಬ್ಬರಿ ಎಣ್ಣೆಯ ಒಗ್ಗರಣೆ ನಮ್ಮ ಮನೆಯಲ್ಲಿ ತಲೆಗೆ ಹಚ್ಚಿಕೊಳ್ಳುವ ವಾಸನೆ. ಆದರೂ ದಿನಕ್ಕೊಮ್ಮೆ ಬರುತ್ತಿದ್ದರು. ನಾನು ಮಾತಾಡದಿದ್ದರೂ ನಡೆಯುತ್ತಿತ್ತು, ಇಬ್ಬರ ಮಾತನ್ನೂ ಅವರೇ ಆಡುತ್ತಿದ್ದರು.

ಎಪ್ಪತ್ತರ ದಶಕದ ಮೊದಲಲ್ಲಿ ಮುಂಬಯಿಗೆ ಟಿವಿ ಬಂತು. ನಮ್ಮ ಓಣಿಯಲ್ಲಿ ಯಾರೂ ಅದನ್ನು ಕಂಡಿರಲಿಲ್ಲ. ರೇಡಿಯೊದಲ್ಲಿ ಅಜ್ಜನ ನಾಟಕ ಕೇಳಿದ್ದ ಒಬ್ಬ ನಿರ್ದೇಶಕರು ಟಿವಿಗೆ ಒಂದು ನಗೆ ಮಾಲಿಕೆ ಬರೆಯಿರಿ ಎಂದು ಕರೆಸಿದರು. ಅಜ್ಜ ರಜೆ ಹಾಕಿ ಬೆಳಗಿನ ಗಾಡಿಗೆ ಹೋಗಿ ಒಪ್ಪಿ ಬಂದರು. ಆ ವಾರವೆಲ್ಲ ಅವರ ಮುಖ ಹಲ್ಲುನೋವಿನವರ ಮುಖವಾಗಿತ್ತು. ಗಣಪತಿ ಮಂಟಪದಿಂದ ಅಲ್ಲಿಗೆ ತಲುಪಲು ಅವರಿಗೆ ಹತ್ತು ವರ್ಷದ ಮೇಲಾಗಿತ್ತು. ಈ ಬಾಗಿಲು ಮುಚ್ಚಿದರೆ ಇನ್ನೊಂದು ಇಲ್ಲ ಎಂದು ಅವರೂ ಬಲ್ಲರು, ನಾನೂ ಬಲ್ಲೆ.

ಕತೆ ಇಷ್ಟೇ. ಒಬ್ಬ ಗುಮಾಸ್ತ ಮನೆಯ ಗಲಾಟೆ ತಾಳದೆ ದಿನವೂ ಒಂದು ಹೋಟೆಲಿಗೆ ಬಂದು ಕೂರುತ್ತಾನೆ. ಬಂದ ಗಿರಾಕಿಗಳೆಲ್ಲ ತಮ್ಮ ರಗಳೆ ತಂದು ಹೋಟೆಲಿನ ಯಜಮಾನನ ತಲೆಗೆ ಕಟ್ಟುತ್ತಾರೆ. ಎಲ್ಲಕ್ಕೂ ಹೌದು ಹೌದು ಎಂದು ಅವನು ಸಿಕ್ಕಿಹಾಕಿಕೊಳ್ಳುತ್ತಾನೆ. ಅಜ್ಜ ಆ ಯಜಮಾನನಿಗೆ ಅಣ್ಣ ಎಂದೇ ಹೆಸರಿಟ್ಟು, ಎಲ್ಲರಂತೆ ನೆಟ್ಟಗಿನ ಮರಾಠಿಯಲ್ಲಿ ಅವನ ಮಾತು ಬರೆದರು. ಓದಿ ಹೇಳಿದ ದಿನ ನನ್ನ ಕೈ ಎಷ್ಟು ಸಲ ನಿಂತಿತೋ. ಆ ಸಂಜೆ ನಾವು ಅನ್ನ ಮಾಡಿಕೊಂಡು ಉಂಡೆವು.

ನಾಶಿಕಕ್ಕೆ ಟಿವಿಯ ಚಿತ್ರ ಬರುತ್ತಿರಲಿಲ್ಲವಾದ್ದರಿಂದ ಮೊದಲ ಕಂತು ನೋಡಲು ಮುಂಬಯಿ ಹತ್ತಿರದ ಕಲ್ಯಾಣಕ್ಕೆ, ನನ್ನ ನಾದಿನಿಯ ಮನೆಗೆ ಹೋದೆವು. ಅವರಿದ್ದ ಸಾಲುಮನೆಗಳ ಚಾಳಿನಲ್ಲಿ ಒಂದೇ ಮನೆಯಲ್ಲಿ ಟಿವಿ. ಇಡೀ ಚಾಳು ಆ ಕೋಣೆಯಲ್ಲಿ ನೆರೆದಿತ್ತು. ನಾನು ಹೆಂಗಸರ ನಡುವೆ ಬಾಗಿಲ ಹತ್ತಿರ ಕೂತೆ. ಅಣ್ಣನ ಪಾತ್ರ ಬಂತು. ಮೊಣಕಾಲ ಮೇಲೆ ಎತ್ತಿ ಕಟ್ಟಿದ ಲುಂಗಿ, ಹಣೆ ತುಂಬ ಗೋಡೆಗೆ ಬಳಿದ ಹಾಗೆ ವಿಭೂತಿ, ಕರ್ರಗೆ ಬಣ್ಣ ಹಚ್ಚಿದ ಮುಖ. ಅಜ್ಜ ಬರೆದ ಮಾತುಗಳೇ, ಆದರೆ ಒಂದೊಂದನ್ನೂ ಮುರಿದು ಮುರಿದು, ತಲೆ ಅಲ್ಲಾಡಿಸಿ, ನಾಲಿಗೆ ತಿರುಚಿ ಆಡುತ್ತಿದ್ದ. ಕೋಣೆಯಲ್ಲಿ ಜನ ಬಿದ್ದು ಬಿದ್ದು ನಕ್ಕರು. ಅಜ್ಜ ನಗಲಿಲ್ಲ. ಅದು ಅವರ ರೂಢಿ ಎಂದುಕೊಂಡೆ.

ಮರುದಿನ ಗಾಡಿಯಲ್ಲಿ ಅವರು ಹೇಳಿದರು, "ನಾ ಹಂಗ ಬರ್ದಿದ್ದಿಲ್ಲ. ಬರೀ ಅಣ್ಣ ಅಂತ ಬರ್ದಿದ್ದೆ. ಉಳಿದದ್ದು ಅವರೇ ತೊಡಿಸ್ಯಾರ."

"ಮತ್ತ ಹೇಳಬಾರದೇನ್ರಿ?" ಎಂದೆ.

"ಏನಂತ ಹೇಳ್ಲಿ? ನಾವೂ ಕನ್ನಡದವರೇ ಅಲ್ಲ? ನಮ್ಮ ಮಂದಿ ಮ್ಯಾಲ ನಾವು ನಕ್ಕರ ಯಾರಿಗೇನು ಬೇಜಾರ?"

ಅವರು ತಪ್ಪಿದ್ದು ಅಲ್ಲೇ. ಅವರ ಲೆಕ್ಕದಲ್ಲಿ ಅಣ್ಣನೂ ನಾವೂ ಒಂದೇ ಮಂದಿ. ಆದರೆ ನಾವು ಪೈಜಾಮ ತೊಟ್ಟು, ನಮ್ಮ ರೊಟ್ಟಿಯನ್ನೇ ಭಾಕರಿ ಎಂದು ತಿಂದು, ಮರಾಠಿಯವರ ನಡುವೆ ಗುರುತು ಸಿಗದಂತೆ ಇದ್ದುಬಿಡಬಹುದು. ದೂರದ ಕರಾವಳಿಯಿಂದ ಬಂದು ಬೀದಿಗೆ ಬಾಗಿಲು ತೆರೆದು ಕೂತ ಮನುಷ್ಯನಿಗೆ ಆ ಮರೆ ಇಲ್ಲ. ನಕ್ಕರೆ ನಗೆ ಅವನ ಮೇಲೇ ಬೀಳುತ್ತದೆ. ಇದನ್ನು ನಾನು ಆಗ ಇಷ್ಟು ಚೆನ್ನಾಗಿ ಯೋಚಿಸಿದ್ದೆ ಎಂದು ತಿಳಿಯಬೇಡಿ.

ನಿರ್ದೇಶಕರು ಕೆಟ್ಟವರಲ್ಲ. ಜನ ಅಣ್ಣನಿಗೆ ಮರುಳಾಗಿದ್ದಾರೆ, ಇನ್ನು ಪ್ರತಿ ಕಂತಿನಲ್ಲೂ ಅವನು ಬೇಕು, ಮಾಲಿಕೆಯನ್ನು ಮುಂದುವರಿಸೋಣ ಎಂದು ಸಂತೋಷದಿಂದ ಬರೆದರು. ಅಜ್ಜ ಬರೆಯುತ್ತ ಹೋದರು.

ರಜೆಗೆ ಮುಂಬಯಿಗೆ ಹೋಗಿಬಂದ ಕಾಲೇಜು ಹುಡುಗರು ಅದನ್ನು ನಾಶಿಕಕ್ಕೆ ತಂದರು. ಹೋಟೆಲಿಗೆ ಬಂದು, ಪ್ಯಾಂಟನ್ನು ಮೊಣಕಾಲಿಗೆ ಎಳೆದು, ಟಿವಿಯ ದನಿಯಲ್ಲಿ ಅಣ್ಣಾ ಎಂದು ಕೂಗುವುದು, ಮುರಿದ ಮರಾಠಿಯಲ್ಲಿ ಇಡ್ಲಿ ಕೇಳುವುದು. ಅಣ್ಣ ನಕ್ಕು ಇಡ್ಲಿ ಕಳಿಸುತ್ತಿದ್ದರಂತೆ. ನಾಟಕ ಬರೆದವರು ತೊಟ್ಟಿಯ ಪಕ್ಕದ ಮೇಜಿನವರೇ ಎಂದು ಓಣಿಗೆಲ್ಲ ಗೊತ್ತಿತ್ತು. ಅಕ್ಕ ನಮ್ಮ ಮೆಟ್ಟಿಲು ಹತ್ತುವುದು ನಿಂತಿತು.

ಕೆಲವು ದಿನ ಕಾದು ನಾನೇ ಅವರ ಮನೆಗೆ ಹೋದೆ. ಜಗಳ ತೆಗೆದಿದ್ದರೆ ಸಮಾಧಾನವಾಗುತ್ತಿತ್ತು. "ಬನ್ನಿ, ಕೂತ್ಕೊಳ್ಳಿ" ಎಂದರು. ಚಾಪೆ ಬಿಟ್ಟು ಕುರ್ಚಿ ತೋರಿಸಿದರು. ಬಂದ ನೆಂಟರಿಗೆಂದು ಕಪಾಟಿನಲ್ಲಿ ಇಟ್ಟಿದ್ದ ಹೂವಿನ ಚಿತ್ರದ ಕಪ್ಪುಬಸಿಯಲ್ಲಿ ಚಹಾ ಕೊಟ್ಟರು. ನಾನು ಯಾವಾಗಲೂ ಅವರ ಅಡುಗೆಮನೆಯಲ್ಲಿ ಸ್ಟೀಲು ಲೋಟದಲ್ಲಿ ಕುಡಿದವಳು. ಊರಲ್ಲಿ ಮಳೆಯಂತೆ, ಮಕ್ಕಳಿಗೆ ಪರೀಕ್ಷೆಯಂತೆ ಎಂದು ಎರಡು ಮಾತಾಡಿದರು. ನಾನು ಬಿಸಿ ಚಹಾವನ್ನು ಗಂಟಲಿಗೆ ಸುರಿದುಕೊಂಡು ಎದ್ದುಬಂದೆ.

ಅದೇ ಸಂಜೆ ಅಜ್ಜ ಬಾಗಿಲಲ್ಲಿ ಕೂತು ಹೊಸ ಕಂತು ಹೇಳತೊಡಗಿದರು. ಅಣ್ಣನ ಪ್ರವೇಶ ಬಂತು. ನನ್ನ ಕೈ ನಿಲ್ಲಲಿಲ್ಲ. ಅವರು ಅದನ್ನೇ ಇನ್ನೊಮ್ಮೆ, ಸ್ವಲ್ಪ ಜೋರಾಗಿ ಹೇಳಿದರು. ರೊಟ್ಟಿಗಳು ಒಂದರ ಹಿಂದೆ ಒಂದು ಬೆಳ್ಳಗೆ ಉಬ್ಬಿ ಬಂದವು.

"ಯಾಕ? ಛಲೋ ಆಗಿಲ್ಲೇನು?"

"ಅಕ್ಕ ಇವತ್ತ ನನಗ ಕುರ್ಚಿ ಹಾಕಿ, ಕಪ್ಪುಬಸಿಯೊಳಗ ಚಹಾ ಕೊಟ್ಟರ್ರಿ" ಎಂದೆ. ಅಷ್ಟು ಹೇಳುವಷ್ಟರಲ್ಲಿ ನನಗೆ ಅಳು ಬಂತು. "ನೀವು ಒಮ್ಮೆ ಅಣ್ಣಾರ ಮುಂದ ಹೋಗಿ ಕೂಡ್ರಿ."

ಅವರು ಕಾಗದ ಮಡಚಿದರು. "ಅಣ್ಣನ್ನ ತೆಗದರ ಮಾಲಿಕೆ ಉಳಿಯೂದಿಲ್ಲ. ಮುಂದ ನನ್ನ ಕರೆಯೂದೂ ಇಲ್ಲ" ಎಂದರು. ನಾನು ಮುಂದಿನ ರೊಟ್ಟಿಗೆ ಹಿಟ್ಟು ತೆಗೆದುಕೊಂಡೆ.

ಮರುದಿನ ಬೆಳಿಗ್ಗೆ ಅವರು ಹೋಟೆಲಿಗೆ ಹೋಗಿ ಗಲ್ಲಾದ ಮುಂದೆ ನಿಂತೇ ಹೇಳಿದರಂತೆ, ಆ ಪಾತ್ರವನ್ನು ತೆಗೆದುಬಿಡುತ್ತೇನೆ ಎಂದು. ಮನೆಗೆ ಬಂದು ಅಣ್ಣ ಕೊಟ್ಟ ಉತ್ತರವನ್ನು ನನಗೆ ಹಾಗೇ ಆಡಿ ತೋರಿಸಿದರು.

"ಅದೆಂತಕ್ಕೆ ತೆಗೆಯೂದು ರೈಟರ್ರೆ? ತೆಗೆದ್ರೆ ಜನ ಎಂತ ಹೇಳ್ತಾರೆ, ಅಣ್ಣನಿಗೆ ಸಿಟ್ಟು ಬಂತು, ಅದಕ್ಕೆ ತೆಗೆಸಿದ ಅಂತ. ಗಲ್ಲಾದಲ್ಲಿ ಕೂತವನಿಗೆ ಸಿಟ್ಟು ಬರ್ಲಿಕ್ಕೆ ಉಂಟಾ?" ಆಮೇಲೆ ಚಿಲ್ಲರೆ ಡಬ್ಬಿಯನ್ನು ಆಚೆ ಈಚೆ ಸರಿಸಿ, ದನಿ ತಗ್ಗಿಸಿ ಅಂದರಂತೆ: "ಅವನಿಗೆ ಒಂದ್ಸಲ ಸಿಟ್ಟು ಬರ್ಲಿ. ನನ್ನಿಂದಂತೂ ಆಗ್ಲಿಲ್ಲ. ಟಿವಿಯವನಿಗಾದ್ರೂ ಬರ್ಲಿ."

ಅಜ್ಜ ಬರೆಯಲು ಕೂತರು. ಬರಲಿಲ್ಲ. ಅಣ್ಣ ಸಿಟ್ಟಾದರೆ ಏನೆನ್ನುತ್ತಾರೆ ಎಂದು ಅವರಿಗೆ ಗೊತ್ತಿರಲಿಲ್ಲ. ಅಜ್ಜನಿಗೆ ಬರುತ್ತಿದ್ದ ಸಿಟ್ಟು ಕಲಬುರಗಿಯದು, ಒಂದೇ ಏಟಿಗೆ ಮುಗಿಯುವಂಥದು. ಕಡೆಗೆ ನಾನು ಅಕ್ಕನ ಮನೆಗೆ ಹೋಗಿ, ಕುರ್ಚಿ ತೋರಿಸಿದರೂ ಕೂರದೆ, ಇದ್ದ ವಿಷಯ ಹೇಳಿದೆ. ನನ್ನ ಬಾಯಿಂದ ಒಂದೇ ಉಸಿರಿನಲ್ಲಿ ಅಷ್ಟು ಮಾತು ಬಂದದ್ದು ನೋಡಿಯೇ ಅವರು ಕರಗಿದರೋ ಏನೋ.

"ನನಗೆಂತ ಗೊತ್ತು ನಾಟಕ ಗೀಟಕ" ಎನ್ನುತ್ತ ನಮ್ಮ ಅಡುಗೆಮನೆಗೆ ಬಂದು ಕೂತರು. ಅಜ್ಜ ಬಾಗಿಲ ಆಚೆ ಕಾಗದ ಹಿಡಿದು ಕೂತರು.

"ನಿಮ್ಮ ಅಣ್ಣನಿಗೆ ಸಿಟ್ಟು ಬರೂದಿಲ್ಲ. ಅವರ ಪಾಲಿನದ್ದೂ ಸೇರಿ ನಾನೇ ಮಾಡಿಕೊಂಡು ಬಂದದ್ದು. ಬರ್ಕೊಳ್ಳಿ, ಅಣ್ಣ ಈ ಊರಿನವರಿಗೆ ಹೇಳೂದು. ಕಾಣಿ, ನಿಮ್ಮ ಮನೆಯಲ್ಲಿ ಮಗು ಹುಟ್ಟಿದ್ರೆ ಕೇಸರಿಬಾತು ಕಳ್ಸಿದ್ದು ಯಾರು? ಹೆಣ ಎತ್ತಿದ ದಿನ ಕೆಟ್ಲಿಯಲ್ಲಿ ಚಾ ಕಳ್ಸಿದ್ದು ಯಾರು? ನಿಮ್ಮ ಭಾಷೆ ನಾನು ಕಲ್ತೆ. ನನ್ನ ಮಕ್ಕಳು ನಿಮ್ಮ ಭಾಷೆಯಲ್ಲೇ ಕನಸು ಕಾಣ್ತಾರೆ, ನನ್ನ ಅಮ್ಮನ ಹತ್ರ ಮಾತಾಡ್ಲಿಕ್ಕೆ ಅವರಿಗೆ ಬಾಯಿಲ್ಲ. ಇಷ್ಟು ವರ್ಷದಲ್ಲಿ ನೀವು ನಮ್ಮದು ಎಂತ ಕಲ್ತಿರಿ? ಇಡ್ಲಿ ಅಂತ ಒಂದು ಶಬ್ದ. ಅದನ್ನೂ ತಿಂದು ಮುಗ್ಸಿದ್ರಿ."

ನನ್ನ ಕೈಯಲ್ಲಿ ಹಿಟ್ಟಿನ ಉಂಡೆ ಹಾಗೇ ಇತ್ತು. ಆಚೆ ಕಡೆ ಅಜ್ಜ ಬರೆಯುವುದನ್ನು ಬಿಟ್ಟು ಕೇಳುತ್ತಿದ್ದರು. "ಇನ್ನೊಮ್ಮೆ ಹೇಳ್ರಿ ಅಕ್ಕಾರ" ಎಂದರು.

"ಇನ್ನೊಮ್ಮೆ ಹೇಳ್ಲಿಕ್ಕೆ ಇದೆಂತ ಮಂತ್ರವಾ?" ಎಂದರೂ ಮೂರು ಸಲ ಹೇಳಿದರು. ಪ್ರತಿ ಸಲವೂ ಸ್ವಲ್ಪ ಬೆಳೆಯಿತು.

ಅಜ್ಜ ಅದನ್ನು ಅಚ್ಚ ಮರಾಠಿಯಲ್ಲಿ ಬರೆದರು. ಒಂದು ಶಬ್ದವನ್ನೂ ಮುರಿಯಬಾರದು ಎಂದು ಮೇಲೆ ಬರೆದು ಅಡಿಗೆರೆ ಎಳೆದರು. ಮುಂಬಯಿಯಲ್ಲಿ ನಿರ್ದೇಶಕರು ಓದಿ, ನಗೆ ಎಲ್ಲಿ ಹೋಯಿತು ಎಂದು ಕೇಳಿದರಂತೆ. ಅಣ್ಣನ ಪಾತ್ರ ಮಾಡುತ್ತಿದ್ದ ನಟರೂ ವೇಷ ಹಾಕಿಕೊಂಡು ಅಲ್ಲೇ ಇದ್ದರು. ಕಾಗದವನ್ನು ಎರಡು ಸಲ ಓದಿ, ಎದ್ದು ನಿಂತು, ಎತ್ತಿ ಕಟ್ಟಿದ ಲುಂಗಿಯನ್ನು ಬಿಚ್ಚಿ ಪಾದದವರೆಗೆ ಇಳಿಬಿಟ್ಟರಂತೆ. "ಇದೊಂದು ಸಲ ಮಾಡಿ ನೋಡೋಣ" ಎಂದು ಅವರೇ ನಿರ್ದೇಶಕರನ್ನು ಒಪ್ಪಿಸಿದರು.

ಆ ಕಂತು ಬರುವ ದಿನ ಅಣ್ಣ ಹೋಟೆಲನ್ನೂ ಮಕ್ಕಳನ್ನೂ ಭಾವಮೈದುನನಿಗೆ ಒಪ್ಪಿಸಿ, ಇಸ್ತ್ರಿಯ ಪಂಚೆ ಉಟ್ಟು ಹೊರಟರು. ಅಣ್ಣ, ಅಕ್ಕ, ನಾವಿಬ್ಬರು, ನಾಲ್ವರೂ ಕಲ್ಯಾಣಕ್ಕೆ ಹೋಗಿ ಅದೇ ಕೋಣೆಯಲ್ಲಿ ಕೂತೆವು. ಅಣ್ಣ ಎಲ್ಲರಿಗಿಂತ ಹಿಂದೆ, ಕಂಬದ ಮರೆಯಲ್ಲಿ. ಪಾತ್ರ ಕಾಣಿಸಿದ ಕೂಡಲೇ ಜನ ನಗತೊಡಗಿದರು. ಮಾತು ಶುರುವಾದ ಮೇಲೂ ಸ್ವಲ್ಪ ಹೊತ್ತು ನಕ್ಕರು, ಇದು ಮುಂದೆ ತಮಾಷೆಯಾಗುತ್ತದೆ ಎಂದುಕೊಂಡು. ಆಮೇಲೆ ಒಬ್ಬೊಬ್ಬರಾಗಿ ಸುಮ್ಮನಾದರು. ಕೆಟಲಿಯ ಮಾತು ಬಂದಾಗ ನನ್ನ ಮುಂದೆ ಕೂತಿದ್ದ ಒಬ್ಬ ಮುದುಕಿ, ನಿಜ ಹೇಳಿದ ಪಾಪ, ಎಂದು ಮರಾಠಿಯಲ್ಲಿ ತನ್ನಷ್ಟಕ್ಕೆ ಅಂದಳು. ಇಡ್ಲಿಯ ಮಾತಿಗೆ ಒಬ್ಬರೂ ನಗಲಿಲ್ಲ.

ನಾನು ಅಣ್ಣನ ಕಡೆ ತಿರುಗಿದೆ. ಅವರು ಬೆರಳುಗಳನ್ನು ಹೆಣೆದುಕೊಂಡು ಪರದೆಯನ್ನೇ ನೋಡುತ್ತಿದ್ದರು. ಮುಗಿದ ಮೇಲೆ ಹೊರಗೆ ಬಂದು ಅಜ್ಜನಿಗೆ ಹೇಳಿದರು, "ನಾನಾದ್ರೆ ಇಷ್ಟು ಜೋರು ಮಾತಾಡ್ತಿರ್ಲಿಲ್ಲ ಮಾರಾಯ್ರೆ." ಚಪ್ಪಲಿ ಮೆಟ್ಟಿಕೊಳ್ಳುತ್ತ, "ಆದ್ರೆ ಒಂದೂ ಸುಳ್ಳು ಹೇಳ್ಲಿಲ್ಲ ಅವ" ಎಂದರು.

ಆ ಕಂತಿನಿಂದ ಏನಾಯಿತು ಎಂಬುದನ್ನು ಇಲ್ಲೇ ಹೇಳಿಬಿಡುತ್ತೇನೆ. ಹಳೆಯ ಅಣ್ಣನೇ ಬೇಕು ಎಂದು ನೋಡುಗರು ಕೇಳಿದರಂತೆ. ಅಜ್ಜ ಬರೆಯಲು ಒಪ್ಪಲಿಲ್ಲ. ಸ್ವಲ್ಪ ದಿನದಲ್ಲೇ ಮಾಲಿಕೆ ನಿಂತಿತು. ಮುಂಬಯಿಯಿಂದ ಬಹಳ ಕಾಲ ಕರೆ ಬರಲಿಲ್ಲ. ಆ ದಿನಗಳಲ್ಲಿ ಅಜ್ಜನ ಮುಖ ಯಾವ ಗಂಟೂ ಇಲ್ಲದೆ ಸಪಾಟಾಗಿತ್ತು, ನೋಡಲು ನನಗೆ ಕಷ್ಟವಾಗುತ್ತಿತ್ತು. ಆಮೇಲೆ ಅದೇ ನಟರು ಇನ್ನೊಬ್ಬ ನಿರ್ದೇಶಕರಿಗೆ ಇವರ ಹೆಸರು ಹೇಳಿ ಒಂದು ಗಂಭೀರ ನಾಟಕ ಬರೆಸಿದರು. ಅಲ್ಲಿಂದ ಮುಂದಿನದು ನಿಮಗೆ ಗೊತ್ತಿದೆ. ನಗೆಯದು ಮತ್ತೆ ಯಾಕೆ ಬರೆಯುವುದಿಲ್ಲ ಎಂದು ನಾನು ಒಮ್ಮೆ ಕೇಳಿದ್ದೆ. "ಬರೀಲಿಕ್ಕೆ ಕೂಡ್ತೀನಿ. ಇದನ್ನ ಕೇಳಿ ಯಾರಿಗೆ ನಗು ಬರೂದಿಲ್ಲ ಅಂತ ಮೊದಲು ವಿಚಾರ ಬರ್ತದ. ಅಷ್ಟರಾಗ ನಗಿ ಹಾರಿ ಹೋಗ್ತದ" ಎಂದರು. ಪಶ್ಚಾತ್ತಾಪವಿತ್ತೇ ಎಂದು ಕೇಳಿದರೆ ಇತ್ತು ಎಂದೇ ಹೇಳಬೇಕು. ಆದರೆ ಯಾವುದರ ಬಗ್ಗೆ ಎಷ್ಟು ಎಂದು ಅವರು ಹೇಳಲಿಲ್ಲ, ನಾನು ಕೆದಕಲಿಲ್ಲ.

ಆ ಕಂತು ನೋಡಿದ ಮರುದಿನ ಬೆಳಿಗ್ಗೆ ಕಲ್ಯಾಣದಿಂದ ವಾಪಸು ಹೊರಟೆವು. ಕಸಾರಾದಲ್ಲಿ ಘಾಟು ಹತ್ತಲು ಹಿಂದಿನಿಂದ ಎಂಜಿನು ಜೋಡಿಸುವವರೆಗೆ ಗಾಡಿ ನಿಲ್ಲುತ್ತದೆ. ಅಣ್ಣ ಇಳಿದು ಎಲ್ಲರಿಗೂ ಬಟಾಟೆ ವಡೆ ತಂದರು. ಒಂದು ತುಂಡು ಬಾಯಿಗಿಟ್ಟು ಅಕ್ಕ ಮುಖ ಕಿವುಚಿದರು. ಹಿಂದಿನ ದಿನದ್ದು, ಹುಳಿ ಬಂದಿತ್ತು.

"ಹೋಗಿ ಹಿಂದೆ ಕೊಡಿ" ಎಂದರು ಗಂಡನಿಗೆ.

"ಇರ್ಲಿ. ಅವನದ್ದೂ ಹೋಟೆಲು ವ್ಯಾಪಾರವೇ ಅಲ್ವಾ?" ಅಣ್ಣ ತಮ್ಮ ಪಾಲಿನ ವಡೆಯನ್ನು ಪೂರ್ತಿ ತಿನ್ನುತ್ತಿದ್ದರು.

ಅಕ್ಕ ಎದ್ದು ನನ್ನನ್ನು ದಾಟಿ ಕಿಟಕಿಯ ಸರಳಿಗೆ ಮುಖ ಹಚ್ಚಿದರು. ಎದುರಿಗೇ ಒಲೆ ಹಚ್ಚಿ ನಿಂತಿದ್ದ ವಡೆ ಮಾರುವವನನ್ನು ಕೂಗಿ, ಒಂದು ಶಬ್ದವೂ ಮುರಿಯದ ಮರಾಠಿಯಲ್ಲಿ, ಎಣ್ಣೆಯಿಂದ ಹಿಡಿದು ಅವನ ಕೈಯ ಉಗುರಿನವರೆಗೆ ಒಂದೊಂದನ್ನೂ ವಿಚಾರಿಸಿಕೊಂಡರು. ಅವನು ಬೆಪ್ಪಾಗಿ ನಿಂತಿದ್ದ. ಅಷ್ಟರಲ್ಲಿ ಗಾಡಿ ಅಲುಗಿತು. ಅವನು ಎಚ್ಚತ್ತು, ಬಾಣಲೆಯಿಂದ ಬಿಸಿ ವಡೆಗಳನ್ನು ಕಾಗದಕ್ಕೆ ಸುರಿದುಕೊಂಡು ಗಾಡಿಯ ಜೊತೆ ಓಡಿ ಕಿಟಕಿಯೊಳಗೆ ತುರುಕಿದ.

ಅಕ್ಕ ಪೊಟ್ಟಣವನ್ನು ನನ್ನ ತೊಡೆಯ ಮೇಲಿಟ್ಟು, "ತಿನ್ನು ಮಾರಾಯ್ತಿ, ಸುಡ್ತದೆ, ಮೆಲ್ಲ" ಎಂದರು. ಗಾಡಿ ಘಾಟು ಹತ್ತತೊಡಗಿತು. ಅಣ್ಣ ಎರಡನೆಯ ವಡೆಗೆ ಕೈ ಚಾಚಿದರು.